ತಾಳವಾಡಿ: ತೆರೆದ ನೆಲ, ಮುಚ್ಚಿದ ಕಾಡು

ಸತ್ಯಮಂಗಲ ಬಿಟ್ಟು, ಬಣ್ಣಾರಿ ಮಾರಿಯಮ್ಮನ ಗುಡಿ ದಾಟಿ, 27 ಹೇರ್‌ಪಿನ್ ತಿರುವು ಹತ್ತಿ ದಿಂಬಂ ತಲುಪುವ ಹೊತ್ತಿಗೆ ಬಸ್ಸಿನೊಳಗಿನ ಮಾತು ತಮಿಳಿನಿಂದ ಕನ್ನಡಕ್ಕೆ ಹೊರಳಿರುತ್ತದೆ. ಅಲ್ಲಿಂದಾಚೆ ತಾಳವಾಡಿ ಸೀಮೆ. ಜಿಲ್ಲೆ ಈರೋಡು, ರಾಜ್ಯ ತಮಿಳುನಾಡು. ವ್ಯಾಪಾರ, ನೆಂಟಸ್ತನ ಬಹುಮಟ್ಟಿಗೆ ಚಾಮರಾಜನಗರದ ಕಡೆಗೆ. ಕೋಸು, ಆಲೂಗೆಡ್ಡೆ, ಚೆಂಡು ಹೂವು, ರಾಗಿ, ಮುಸುಕಿನ ಜೋಳ. ಹೊಲದ ಅಂಚಿಗೆ ಸೋಲಾರ್ ಬೇಲಿ, ಬೇಲಿಯ ಆಚೆ ಆನೆ ಕಂದಕ, ಕಂದಕದ ಆಚೆ ಕಾಡು. ಆ ಕಾಡಿನ ಅಂಚಿನಲ್ಲಿ, ಕೆಲವು ಕಡೆ ಒಳಗೆ, ಸೋಲಿಗ ಮತ್ತು ಊರಾಳಿ ಗಿರಿಜನರ ದೊಡ್ಡಿಗಳು.

ಈ ಸೀಮೆಯಲ್ಲಿ ಮೊದಲಿಂದ ಇದ್ದವರು ಯಾರು ಎಂದು ಕೇಳಿದರೆ ಲಿಂಗಾಯತ ಗೌಡರೂ ಒಪ್ಪುತ್ತಾರೆ, ಬಡಗರೂ ಒಪ್ಪುತ್ತಾರೆ: ಸೋಲಿಗರೇ. ಹಾಗಾದರೆ ನೆಲ ಅವರ ಕೈಯಿಂದ ಯಾವಾಗ ಜಾರಿತು ಎಂದರೆ ತಾರೀಖು ಹೇಳುವವರು ಯಾರೂ ಸಿಗುವುದಿಲ್ಲ. ತಾರೀಖು ಇಲ್ಲದ ಅನ್ಯಾಯಕ್ಕೆ ದೂರು ಬರೆಯುವುದು ಕಷ್ಟ. ಆದ್ದರಿಂದ ತಾರೀಖು, ವಾರ, ಗಳಿಗೆ ಎಲ್ಲ ಗೊತ್ತಿರುವ ಇನ್ನೊಂದು ನೆಲದ ಕಥೆಯನ್ನು ಮೊದಲು ಹೇಳಿಬಿಡುತ್ತೇನೆ. ಆಮೇಲೆ ನಮ್ಮ ಬೆಟ್ಟಕ್ಕೆ ಬರೋಣ.

1893ರ ಸೆಪ್ಟೆಂಬರ್ 16, ಶನಿವಾರ, ಮಟಮಟ ಮಧ್ಯಾಹ್ನ ಹನ್ನೆರಡು ಗಂಟೆ. ಅಮೆರಿಕದ ಇಂದಿನ ಓಕ್ಲಹೋಮಾ ರಾಜ್ಯದ ಉತ್ತರ ಭಾಗ. ಗಡಿಗೆರೆಯ ಉದ್ದಕ್ಕೂ ಕುದುರೆ, ಬಂಡಿ, ಸೈಕಲ್ಲು, ಬರಿಗಾಲು, ಕೊನೆಗೆ ರೈಲಿನ ಮೇಲ್ಛಾವಣಿ ಕೂಡ ಬಿಡದೆ ಒಂದು ಲಕ್ಷಕ್ಕೂ ಮೀರಿ ಜನ ಕಾದಿದ್ದರು. ಸಿಪಾಯಿಗಳು ಬಂದೂಕು ಹಾರಿಸಿದರು. ಓಡು! ಮೊದಲು ಹೋಗಿ ಗೂಟ ನೆಟ್ಟವನಿಗೆ 160 ಎಕರೆ. ಒಟ್ಟು ನೆಲ ಸುಮಾರು 65 ಲಕ್ಷ ಎಕರೆ, ಹಿಡುವಳಿಗಳು 40 ಸಾವಿರಕ್ಕಿಂತ ಸ್ವಲ್ಪ ಹೆಚ್ಚು. ಲೆಕ್ಕ ಹಾಕಿದರೆ ಓಡಿದವರಲ್ಲಿ ಅರ್ಧಕ್ಕೂ ಹೆಚ್ಚು ಜನ ಬರಿಗೈಯಲ್ಲಿ ಹಿಂದಿರುಗಲೇಬೇಕಿತ್ತು. ಮುನ್ನಾದಿನವೇ ಕಳ್ಳತನದಿಂದ ನುಸುಳಿ ಪೊದೆಯಲ್ಲಿ ಅಡಗಿದ್ದವರಿಗೆ ಒಳ್ಳೆಯ ಜಾಗಗಳು ಸಿಕ್ಕವು. ಸಾಲಿನಲ್ಲಿ ಪ್ರಾಮಾಣಿಕವಾಗಿ ನಿಂತವರಿಗೆ ಧೂಳು ಸಿಕ್ಕಿತು.

ಬೆಳಿಗ್ಗೆ ಹುಲ್ಲುಗಾವಲಾಗಿದ್ದ ಜಾಗ ಸಂಜೆಗೆ ಪಟ್ಟಣವಾಯಿತು. ಪೆರಿ, ಎನಿಡ್, ಆಲ್ವಾ, ವುಡ್‌ವರ್ಡ್, ಪಾಂಡ್ ಕ್ರೀಕ್: ಎಲ್ಲವೂ ಅಂದು ಗುಡಾರಗಳಲ್ಲಿ ಹುಟ್ಟಿದವು. ಜಿಲ್ಲೆಗಳಿಗೆ ಹೆಸರಿಡಲು ಕೂಡ ಪುರುಸೊತ್ತು ಇರಲಿಲ್ಲ. ಕೆ, ಎಲ್, ಎಂ, ಎನ್, ಓ, ಪಿ, ಕ್ಯೂ ಎಂದು ಅಕ್ಷರ ಅಂಟಿಸಿ ಮುಗಿಸಿದರು. ಆಮೇಲೆ ಬೇರೆಯವಕ್ಕೆಲ್ಲ ಹೆಸರು ಬಂತು. 'ಕೆ' ಎಂಬುದು ಮಾತ್ರ 'ಕೇ ಕೌಂಟಿ' ಆಗಿ ಇವತ್ತಿಗೂ ಉಳಿದಿದೆ.

ಎನಿಡ್‌ನ ಕಥೆ ಇನ್ನೂ ಸ್ವಾರಸ್ಯದ್ದು. ರೈಲು ಕಂಪನಿಯ ನಿಲ್ದಾಣ ಒಂದು ಕಡೆ, ಸರ್ಕಾರ ಗುರುತು ಹಾಕಿದ ಪಟ್ಟಣ ಅದರ ದಕ್ಷಿಣಕ್ಕೆ ಮೈಲಿಗಳಾಚೆ. ತನ್ನ ನಿಲ್ದಾಣದ ಸುತ್ತಲೇ ಊರು ಬೆಳೆಯಬೇಕೆಂದು ಕಂಪನಿ ಹಟ ಹಿಡಿದು, ಸರ್ಕಾರಿ ಎನಿಡ್‌ನಲ್ಲಿ ರೈಲು ನಿಲ್ಲಿಸಲೇ ಇಲ್ಲ. ವೇಗವಾಗಿ ಸಾಗುವ ಬೋಗಿಯಿಂದ ಅಂಚೆ ಚೀಲ ಎಸೆದು ಹೋಗುತ್ತಿದ್ದರು. ರೊಚ್ಚಿಗೆದ್ದ ಊರವರು 1894ರಲ್ಲಿ ಹಳಿ ಕಿತ್ತರು, ಸೇತುವೆಯ ಕಂಬ ಗರಗಸದಿಂದ ಕೊಯ್ದರು. ಕೊನೆಗೆ ದೇಶದ ಸಂಸತ್ತೇ ಕಾಯ್ದೆ ಮಾಡಿ ರೈಲು ನಿಲ್ಲಿಸಬೇಕಾಯಿತು. ಹುಟ್ಟಿ ವರ್ಷ ತುಂಬದ ಊರಿನ ಜನಕ್ಕೆ ಅದು 'ನಮ್ಮ ಊರು' ಆಗಿಬಿಟ್ಟಿತ್ತು, ಅದಕ್ಕಾಗಿ ಸಂಸತ್ತನ್ನೇ ಬಗ್ಗಿಸಬಲ್ಲಷ್ಟು.

ಆ ನೆಲ ಯಾರದು? ಚೆರೋಕಿ ಎಂಬ ಮೂಲನಿವಾಸಿಗಳದು. ಅದು ಕೂಡ ಅವರ ಮೂಲ ನೆಲವಾಗಿರಲಿಲ್ಲ. ಅವರ ತವರು ಸಾವಿರ ಕಿಲೋಮೀಟರಿಗೂ ಆಚೆ, ಜಾರ್ಜಿಯಾ, ಟೆನೆಸಿ, ಉತ್ತರ ಕೆರೊಲಿನಾದ ಬೆಟ್ಟಗಳಲ್ಲಿತ್ತು. ಆ ಜನ ಸುಮ್ಮನೆ ಕೂತವರಲ್ಲ. ಸಿಕ್ವೋಯಾ ಎಂಬ ಒಬ್ಬ ಚೆರೋಕಿ 1821ರ ಹೊತ್ತಿಗೆ ತನ್ನ ನುಡಿಗೆ ಲಿಪಿ ಕಟ್ಟಿದ. 1827ರಲ್ಲಿ ಅವರು ಸಂವಿಧಾನ ಬರೆದುಕೊಂಡರು, 1828ರಲ್ಲಿ ಪತ್ರಿಕೆ ಹೊರಡಿಸಿದರು. ಬಿಳಿಯರು ಕೇಳಿದ 'ನಾಗರಿಕತೆ'ಯ ಎಲ್ಲ ಪರೀಕ್ಷೆಯಲ್ಲೂ ಪಾಸಾದರು. ಆದರೆ ಅದೇ ವರ್ಷಗಳಲ್ಲಿ ಅವರ ಬೆಟ್ಟದಲ್ಲಿ ಚಿನ್ನ ಸಿಕ್ಕಿತು. 1830ರಲ್ಲಿ ಆ್ಯಂಡ್ರೂ ಜಾಕ್ಸನ್ ಸರ್ಕಾರ ಸ್ಥಳಾಂತರದ ಕಾಯ್ದೆ ತಂದಿತು. 1832ರಲ್ಲಿ ಜಾರ್ಜಿಯಾ ರಾಜ್ಯ ಚೆರೋಕಿಗಳ ಹೊಲ ಮನೆಗಳನ್ನು ಲಾಟರಿ ಎತ್ತಿ ಹಂಚಿತು. ಚೆರೋಕಿಗಳ ನೆಲದ ಮೇಲೆ ಜಾರ್ಜಿಯಾದ ಕಾನೂನು ನಡೆಯುವುದಿಲ್ಲ ಎಂದು ಸುಪ್ರೀಂ ಕೋರ್ಟು ಅದೇ ವರ್ಷ ತೀರ್ಪಿತ್ತರೂ ಕೇಳುವವರಿರಲಿಲ್ಲ. 1838-39ರಲ್ಲಿ ಸಿಪಾಯಿಗಳು ಸುಮಾರು 16 ಸಾವಿರ ಜನರನ್ನು ಪಶ್ಚಿಮಕ್ಕೆ ಅಟ್ಟಿದರು. ದಾರಿಯಲ್ಲೂ ಶಿಬಿರಗಳಲ್ಲೂ ಸುಮಾರು 4 ಸಾವಿರ ಜನ ಸತ್ತರು.

ಹಾಗೆ ಅಟ್ಟುವಾಗ 'ಇದು ನಿಮಗೆ ಶಾಶ್ವತ' ಎಂದು ಬರೆದುಕೊಟ್ಟ ನೆಲದ ಒಂದು ಪಟ್ಟಿಯೇ 1893ರಲ್ಲಿ ಓಟಕ್ಕೆ ತೆರೆದದ್ದು. ಮಧ್ಯೆ ಕೆಲವು ವರ್ಷ ಚೆರೋಕಿಗಳು ಅದನ್ನು ದನ ಸಾಕುವ ಕಂಪನಿಗಳಿಗೆ ವರ್ಷಕ್ಕೆ ಲಕ್ಷ ಡಾಲರಿನ ಗುತ್ತಿಗೆಗೆ ಕೊಟ್ಟು ತಮ್ಮ ಶಾಲೆ, ಕಚೇರಿ ನಡೆಸಿಕೊಂಡಿದ್ದರು. ಸರ್ಕಾರ ಆ ಗುತ್ತಿಗೆಯನ್ನು ಅಕ್ರಮ ಎಂದು ಸಾರಿ, ಆದಾಯ ನಿಲ್ಲಿಸಿ, ಕೈ ತಿರುಚಿ, ಸುಮಾರು 85 ಲಕ್ಷ ಡಾಲರಿಗೆ ಬರೆಸಿಕೊಂಡಿತು. ಮಾರಿದ್ದು ಅನ್ನುವುದಕ್ಕೆ ಕಾಗದ ಇದೆ. ಮಾರದೆ ಉಳಿಸಿಕೊಳ್ಳುವ ದಾರಿ ಇತ್ತೇ ಎಂಬುದಕ್ಕೆ ಕಾಗದ ಇಲ್ಲ.

ಇನ್ನು ನಮ್ಮ ಬೆಟ್ಟ.

ಇಲ್ಲಿ ಬಂದೂಕು ಹಾರಿದ್ದು ಶ್ರೀರಂಗಪಟ್ಟಣದಲ್ಲಿ. 1799ರ ಮೇ 4ರಂದು ಟಿಪ್ಪು ಬಿದ್ದ. ಗೆದ್ದವರು ನಕ್ಷೆ ಹರಡಿಕೊಂಡು ಹಂಚಿಕೊಂಡರು. ಕೊಯಮತ್ತೂರು ಸೀಮೆ ಕಂಪನಿ ಸರ್ಕಾರಕ್ಕೆ, ಪಕ್ಕದ ಮೈಸೂರು ಸೀಮೆ ಒಡೆಯರಿಗೆ. ಹಾಗಾಗಿ ಬಿಳಿಗಿರಿರಂಗನ ಬೆಟ್ಟದ ಮಗ್ಗುಲಲ್ಲಿ ಒಂದು ಗೆರೆ ಬಂತು. ಕೊಳ್ಳೇಗಾಲ, ತಾಳವಾಡಿ, ಬರಗೂರು ಬೆಟ್ಟ ಎಲ್ಲ ಮದ್ರಾಸಿನ ಕಡೆಗೆ. ಅರಿಕುಠಾರ ಮೈಸೂರಿನ ಕಡೆಗೆ. ಅರಿಕುಠಾರ ಎಂದರೆ ಇಂದಿನ ಚಾಮರಾಜನಗರ. ಅಲ್ಲಿ ಹುಟ್ಟಿದ್ದ ತಮ್ಮ ತಂದೆ ಚಾಮರಾಜ ಒಡೆಯರ ಹೆಸರನ್ನು ಮುಮ್ಮಡಿ ಕೃಷ್ಣರಾಜರು 1818ರಲ್ಲಿ ಊರಿಗಿಟ್ಟರು. ಸೋಲಿಗರಿಗೆ ಈ ಗೆರೆಯ ಸುದ್ದಿ ಎಷ್ಟು ವರ್ಷಕ್ಕೆ ಮುಟ್ಟಿತೋ, ಅಥವಾ ಮುಟ್ಟಲೇ ಇಲ್ಲವೋ. ಅವರ ಎಲ್ಲೆಗಳೇ ಬೇರೆ ಇದ್ದವು. ಒಂದೊಂದು ಕುಲಕ್ಕೆ ಒಂದೊಂದು ಎಲ್ಲೆ, ಎಲ್ಲೆಯೊಳಗೆ ದೇವರು, ಮಾರಮ್ಮ, ವೀರ, ಸತ್ತವರಿಗಾಗಿ ನೆಟ್ಟ ಕಲ್ಲುಗಳು, ನೀರಿನ ಅಬ್ಬಿ. ಒಂದು ಕಲ್ಲು, ಒಂದು ಮರ, ಒಂದು ತೊರೆ ಇವೇ ಆ ಎಲ್ಲೆಯ ಬಾಂದು. ಬಿಳಿಗಿರಿಯ ಕಾಡಿನ ದೊಡ್ಡ ಸಂಪಿಗೆ ಮರ ಹಾಗೆ ನೂರಾರು ವರ್ಷ ದೇವರಾಗಿ ನಿಂತದ್ದು.

ಹೊರಗಿನಿಂದ ಬಂದವರು ಬರಬಾರದಿತ್ತು ಎಂದೇನಲ್ಲ. ದೇವರುಗಳೇ ಹೊರಗಿನಿಂದ ಬಂದವು. ಬಿಳಿಗಿರಿಯ ರಂಗಯ್ಯ ಸೋಲಿಗರ ಹುಡುಗಿ ಕುಸುಮಾಲೆಯನ್ನು ಮದುವೆಯಾದ, ಹಾಗಾಗಿ ಸೋಲಿಗರಿಗೆ ಅವನು ಭಾವ. ಮಾದೇಶ್ವರನ ಕಥೆಯಲ್ಲಿ ಕಾರಯ್ಯ ಬಿಲ್ಲಯ್ಯರು ಬರುತ್ತಾರೆ, ಸೋಲಿಗರು ಅವರನ್ನು ತಮ್ಮ ಹಿರೀಕರೆನ್ನುತ್ತಾರೆ. ದೇವರಾದವನೂ ಈ ಕಾಡಿಗೆ ಬಂದಾಗ ನೆಂಟಸ್ತನ ಮಾಡಿಕೊಂಡೇ ನೆಲೆ ನಿಂತ. ಆಮೇಲೆ ಬಂದ ಸರ್ಕಾರಗಳು ಆ ಮರ್ಯಾದೆ ಪಾಲಿಸಲಿಲ್ಲ.

ಕಂಪನಿ ತಂದದ್ದು ರೈತವಾರಿ ಪದ್ಧತಿ. ಉಳುವವನ ಹೆಸರಿಗೆ ಪಟ್ಟಾ, ಪಟ್ಟಾದ ಮೇಲೆ ಕಂದಾಯ. ಕೇಳಲು ನ್ಯಾಯವಾಗಿಯೇ ಇದೆ, ಜಮೀನ್ದಾರನಿಗಿಂತ ಎಷ್ಟೋ ವಾಸಿ. ಆದರೆ ಅದರ ಕಣ್ಣಿಗೆ ನೇಗಿಲು ಮಾತ್ರ ಕಾಣುತ್ತಿತ್ತು. ಸೋಲಿಗರ ಪೋಡು ಬೇಸಾಯದಲ್ಲಿ ನೇಗಿಲಿರಲಿಲ್ಲ. ಬೇಸಗೆಯಲ್ಲಿ ಒಂದು ತುಂಡು ಕಾಡಿನ ಪೊದೆ ಕಡಿದು ಒಣಗಿಸಿ ಸುಡುತ್ತಿದ್ದರು. ಮೊದಲ ಮಳೆಗೆ ಬೂದಿ ತಣಿಯುತ್ತಿತ್ತು. ಗುದ್ದಲಿಯಲ್ಲಿ ಮಣ್ಣು ಕೆದಕಿ ರಾಗಿ ಚೆಲ್ಲಿ, ಜತೆಗೆ ಅವರೆ, ಸಾಸಿವೆ, ದಂಟು, ಜೋಳ, ಕುಂಬಳ ಹಾಕುತ್ತಿದ್ದರು. ತೆನೆ ಕಟ್ಟಿದ ಮೇಲೆ ಮರದ ಮೇಲೆ ಅಟ್ಟಣೆ ಕಟ್ಟಿ ರಾತ್ರಿಯೆಲ್ಲ ಬೆಂಕಿ ಹಾಕಿ ಆನೆ, ಹಂದಿ ಕಾಯುತ್ತಿದ್ದರು. ಹೊಸ ರಾಗಿ ಬಂದಾಗ ರೊಟ್ಟಿ ತಟ್ಟಿ ದೇವರಿಗಿಟ್ಟು ರೊಟ್ಟಿ ಹಬ್ಬ. ಎರಡು ಮೂರು ಬೆಳೆ ತೆಗೆದು ಮಣ್ಣು ಸೋತಿತು ಎನ್ನಿಸಿದರೆ ಅದನ್ನು ಕಾಡಿಗೇ ಬಿಟ್ಟು ಮುಂದಕ್ಕೆ ಹೋಗುತ್ತಿದ್ದರು. ವರ್ಷಗಳಾದ ಮೇಲೆ ಮತ್ತೆ ಅಲ್ಲಿಗೆ ಬರುತ್ತಿದ್ದರು. ಬಿಟ್ಟ ನೆಲ ಅವರ ಲೆಕ್ಕದಲ್ಲಿ ವಿಶ್ರಾಂತಿಯಲ್ಲಿತ್ತು, ಸರ್ವೆಯವನ ಲೆಕ್ಕದಲ್ಲಿ ಖಾಲಿ ಬಿದ್ದಿತ್ತು.

ಓಕ್ಲಹೋಮಾದಲ್ಲಿ ನೆಲ ಕಸಿಯಲು ಚೆರೋಕಿಗಳ ಹಕ್ಕನ್ನು ಮೊದಲು ಒಪ್ಪಿ ಆಮೇಲೆ ಮುರಿಯಬೇಕಾಯಿತು. ಇಲ್ಲಿ ಅಷ್ಟು ಶ್ರಮವೂ ಬೇಕಾಗಲಿಲ್ಲ. ಒಪ್ಪಂದವೇ ಆಗಿರಲಿಲ್ಲವಲ್ಲ, ಮುರಿಯುವುದೇನನ್ನು?

1882ರಲ್ಲಿ ಮದ್ರಾಸ್ ಅರಣ್ಯ ಕಾಯ್ದೆ ಬಂತು. ಇಂಥ ಕಾಡನ್ನು ರಿಸರ್ವ್ ಮಾಡುತ್ತೇವೆ, ಹಕ್ಕುದಾರರು ಗೊತ್ತಾದ ಅವಧಿಯೊಳಗೆ ಸೆಟಲ್‌ಮೆಂಟ್ ಅಧಿಕಾರಿಯ ಮುಂದೆ ಬಂದು ಹೇಳಿಕೊಳ್ಳತಕ್ಕದ್ದು ಎಂದು ಪ್ರಕಟಣೆ. ಓದು ಬಾರದವರ ಪೋಡಿಗೆ (ಬೇಸಾಯದ ಹೆಸರೇ ಅವರ ಹಟ್ಟಿಗೂ) ಆ ಪ್ರಕಟಣೆ ಹೇಗೆ ಮುಟ್ಟಿರಬಹುದೆಂದು ಓದುಗರೇ ಊಹಿಸಿಕೊಳ್ಳಲಿ. ಅವಧಿ ಕಳೆದ ಮೇಲೆ ಕಾಡೆಲ್ಲ ಸರ್ಕಾರದ್ದು. ಮುಂದೆ ಬೇರೆ ಪ್ರಾಂತ್ಯಗಳಿಗೆ ಬಂದ 1927ರ ಭಾರತೀಯ ಅರಣ್ಯ ಕಾಯ್ದೆಯಂತೂ ಪೋಡಿನಂಥ ಕುಮರಿ ಬೇಸಾಯ ಹಕ್ಕೇ ಅಲ್ಲ, ಸರ್ಕಾರ ಬೇಕೆಂದಾಗ ನಿಲ್ಲಿಸಬಹುದಾದ ರಿಯಾಯಿತಿ ಎಂದು ಬರೆದಿಟ್ಟಿತು. ಸೋಲಿಗರು ಒಂದು ದಿನ ಮಲಗಿ ಏಳುವುದರೊಳಗೆ ತಮ್ಮ ಮನೆಯಲ್ಲೇ ಒತ್ತುವರಿದಾರರಾದರು.

ಆದರೆ ಕಾಡು ಎಲ್ಲರಿಗೂ ಮುಚ್ಚಲಿಲ್ಲ. ಹತ್ತೊಂಬತ್ತನೆಯ ಶತಮಾನದ ಕೊನೆಯ ವರ್ಷಗಳಲ್ಲಿ ಮಾರಿಸ್ ಎಂಬ ಸ್ಕಾಟ್ಲೆಂಡಿನ ದೊರೆ ಬಿಳಿಗಿರಿಯ ನೆತ್ತಿಯ ಮೇಲೆ ಅತ್ತಿಕಾನೆಯಲ್ಲಿ ಕಾಫಿ ತೋಟ ಎಬ್ಬಿಸಿದ. ಹೊನ್ನಮೇಟಿ, ಬೇಡಗುಳಿ ತೋಟಗಳೂ ಎದ್ದವು. ಆ ಎತ್ತರದ ಶೋಲಾ ಕಾಡು ಕಡಿದು ಕಾಫಿ ನೆಡಲು ಪತ್ರ ಸಿಕ್ಕಿತು. ಪೊದೆ ಸವರಿ ರಾಗಿ ಚೆಲ್ಲುವುದು ಅಪರಾಧವಾಯಿತು. ಅವನ ಮಗ ಆರ್. ಸಿ. ಮಾರಿಸ್ ಬೇಟೆಗಾರನಾಗಿಯೂ ಕಾಡುಪ್ರಾಣಿಗಳ ಬಲ್ಲವನಾಗಿಯೂ ಹೆಸರು ಮಾಡಿದ. ಇದಕ್ಕೂ ಮೊದಲೇ, 1874ರಲ್ಲಿ, ಚಾಮರಾಜನಗರದ ಬಳಿ ಮೈಸೂರಿನ ಮೊದಲ ಖೆಡ್ಡಾ ನಡೆಸಿ ಆನೆ ಹಿಡಿದ ಸ್ಯಾಂಡರ್ಸನ್ ಸೋಲಿಗರ ಹೆಜ್ಜೆಜಾಡು ಹಿಡಿಯುವ ಚಾತುರ್ಯವನ್ನು ತನ್ನ 1878ರ ಪುಸ್ತಕದಲ್ಲಿ ಬಾಯ್ತುಂಬ ಹೊಗಳಿದ್ದಾನೆ. ಹೊಗಳಿಕೆಗೇನೂ ಕೊರತೆಯಿರಲಿಲ್ಲ. ದೊರೆಗಳಿಗೆ ಸೋಲಿಗ ಬೇಕಿತ್ತು: ಜಾಡು ಹಿಡಿಯಲು, ತೋಟದಲ್ಲಿ ದುಡಿಯಲು, ಬೆಂಕಿ ಆರಿಸಲು. ನೆಲ ಇರುವ ಸೋಲಿಗ ಮಾತ್ರ ಬೇಕಿರಲಿಲ್ಲ.

ತಾಳವಾಡಿಯ ಬಯಲಿನಲ್ಲಿ ಆದದ್ದು ಇನ್ನೂ ಮೆಲ್ಲಗೆ, ಸದ್ದಿಲ್ಲದೆ. ಇಲ್ಲಿನ ಕೆಲವು ಊರುಗಳು ಬಲು ಹಳೆಯವು, ಎಲ್ಲರೂ ನಿನ್ನೆ ಮೊನ್ನೆ ಬಂದವರಲ್ಲ. ಗುಮಟಾಪುರದವರು ದೀಪಾವಳಿ ಮುಗಿದ ಮರುದಿನ ಬೀರೇಶ್ವರನ ಗುಡಿಯ ಬಳಿ ರಾಶಿ ಹಾಕಿದ ಸಗಣಿಯಲ್ಲಿ ಒಬ್ಬರಿಗೊಬ್ಬರು ಹೊಡೆದಾಡಿ ಗೊರೆ ಹಬ್ಬ ಮಾಡುವುದನ್ನು ನೋಡಿದವರಿಗೆ ಆ ಜನ ನೆಲಕ್ಕೂ ದನಕ್ಕೂ ಎಷ್ಟು ಅಂಟಿಕೊಂಡವರು ಎಂದು ಬೇರೆ ಹೇಳಬೇಕಾಗಿಲ್ಲ. ಆದರೆ ಊರು ಬೆಳೆದಂತೆ ಬೇಸಾಯ ಕಾಡಂಚಿಗೆ ಸರಿಯಿತು, ಕಾಡಂಚಿನಲ್ಲಿ ಇದ್ದವರು ಸೋಲಿಗರು, ಊರಾಳಿಗಳು. ಪೋಡು ನಿಂತ ಮೇಲೆ ಅವರಿಗೂ ಒಂದೆರಡು ಎಕರೆ ಹೊಲ ಅಂತ ಇತ್ತು, ಕೆಲವರಿಗೆ ಕಾಗದದೊಂದಿಗೆ, ಹಲವರಿಗೆ ಕಾಗದವಿಲ್ಲದೆ. ಮಳೆ ಕೈಕೊಟ್ಟ ವರ್ಷ ಎರಡು ಪಲ್ಲ ರಾಗಿ ಸಾಲ. ಮುಂದಿನ ವರ್ಷ ಮದುವೆಗೆ ಐನೂರು. ಹೆಬ್ಬೆಟ್ಟು ಒತ್ತಿದ ಕಾಗದದಲ್ಲಿ ಭೋಗ್ಯ ಎಂದಿದೆಯೋ ಕ್ರಯ ಎಂದಿದೆಯೋ ಒತ್ತಿದವನಿಗೆ ಗೊತ್ತಿಲ್ಲ. ನಾಲ್ಕು ವರ್ಷ ಕಳೆಯುವಷ್ಟರಲ್ಲಿ ಹೊಲದ ಯಜಮಾನ ಅದೇ ಹೊಲದಲ್ಲಿ ಆಳು, ಸಾಲ ತೀರದಿದ್ದರೆ ಮಗನೂ ಆಳು. ಮೊದಲು ಅರಣ್ಯ ಇಲಾಖೆ ಕಾಡಿನಿಂದ ಬಯಲಿಗೆ ತಳ್ಳಿತು, ಬಯಲಿನಲ್ಲಿ ಸಾಲದ ಪುಸ್ತಕ ಕಾದಿತ್ತು.

ಈ ಎಲ್ಲವನ್ನೂ ನೇರ ಕಣ್ಣಿನಿಂದ ನೋಡಿ ಬರೆದವರು ತಮಿಳಿನ ವಕೀಲ ಲೇಖಕ ಸ. ಬಾಲಮುರುಗನ್. 2004ರಲ್ಲಿ ಬಂದ ಅವರ 'ಸೋಳಗರ್ ತೊಟ್ಟಿ' ಕಾದಂಬರಿ ಈ ಬೆಟ್ಟದ ಸೋಲಿಗರ ನೆಲ ಹೋದ ಬಗೆಯನ್ನೂ ಆಮೇಲೆ ಪೊಲೀಸ್ ಶಿಬಿರಗಳಲ್ಲಿ ಅವರ ಮೈ ಪಟ್ಟ ಪಾಡನ್ನೂ ಹೇಳುತ್ತದೆ. ಕನ್ನಡ ಮಾತಾಡುವ ಸೀಮೆಯ ಈ ಕಥೆ ಮೊದಲು ತಮಿಳಿನಲ್ಲಿ ಬಂತೆಂಬುದು ನಮಗೆ ನಾಚಿಕೆಯ ಮಾತೇ.

1956ರಲ್ಲಿ ಭಾಷಾವಾರು ಗಡಿ ಬಂದಾಗ ಕೊಳ್ಳೇಗಾಲ ತಾಲೂಕು ಇಡಿಯಾಗಿ ಮೈಸೂರಿಗೆ ಬಂತು. ತಾಳವಾಡಿ ಬರಲಿಲ್ಲ. ಅದು ತಾಲೂಕಾಗಿರಲಿಲ್ಲ, ತಮಿಳು ಹೆಚ್ಚಾಗಿದ್ದ ಬೇರೆ ತಾಲೂಕಿನ ಒಂದು ಮೂಲೆ. ಹಂಚುವವರು ತಾಲೂಕಿಗಿಂತ ಕೆಳಗೆ ಇಳಿದು ನೋಡಲಿಲ್ಲ. ಹಾಗಾಗಿ 1799ರಲ್ಲಿ ಕಂಪನಿಯವರು ಎಳೆದ ಗೆರೆಯೇ ತಾಳವಾಡಿಯ ಮಟ್ಟಿಗೆ ಇವತ್ತಿನ ರಾಜ್ಯದ ಗಡಿ. ಕನ್ನಡ ಶಾಲೆ, ಕನ್ನಡ ಮೇಷ್ಟರ ಕೊರತೆ, ಬೋರ್ಡಿನ ಭಾಷೆ ಇವುಗಳ ಬಗ್ಗೆ ಕನ್ನಡದ ಪತ್ರಿಕೆಗಳು ಆಗಾಗ ಬರೆದಿವೆ, ಬರೆಯಲಿ. ಆದರೆ ಸೋಲಿಗರ ಒಂದು ಎಲ್ಲೆ ಎರಡು ರಾಜ್ಯಗಳ ಎರಡು ಅರಣ್ಯ ಇಲಾಖೆಗಳ ಪಾಲಾಯಿತೆಂಬುದು ನಮ್ಮ ಗಡಿ ಚರ್ಚೆಯಲ್ಲಿ ಬರುವುದೇ ಇಲ್ಲ.

ಇಷ್ಟಾದರೂ ಹೊಸಬರಿಗೆ ನೆಲ ಕೊಡಲು ಸರ್ಕಾರಕ್ಕೆ ಬರಲಿಲ್ಲವೆಂದೇನಿಲ್ಲ. ಟಿಬೆಟ್ ಬಿಟ್ಟು ಬಂದ ನಿರಾಶ್ರಿತರಿಗೆ ಮೈಸೂರು ಸರ್ಕಾರ 1960ರಲ್ಲಿ ಬೈಲಕುಪ್ಪೆಯಲ್ಲಿ 3 ಸಾವಿರ ಎಕರೆ ಕೊಟ್ಟಿತು. 1970ರ ದಶಕದಲ್ಲಿ ಕೊಳ್ಳೇಗಾಲದ ಆಚೆ ಒಡೆಯರಪಾಳ್ಯದಲ್ಲೂ ಅಷ್ಟೇ ನೆಲ ಕೊಟ್ಟು ಧೊಂಡೆನ್‌ಲಿಂಗ್ ಎಂಬ ವಸತಿ ಕಟ್ಟಿಸಿತು. ಅಲ್ಲಿನ 22 ಹಳ್ಳಿಗಳಿಗೂ ಇಂಗ್ಲಿಷ್ ಅಕ್ಷರಗಳೇ ಹೆಸರು: ಎ ವಿಲೇಜ್, ಬಿ ವಿಲೇಜ್ ಎಂದು ಸಾಲಾಗಿ. ಓಕ್ಲಹೋಮಾದ ಕೆ, ಎಲ್, ಎಂ ಓದಿದವರಿಗೆ ಇದು ತಟ್ಟನೆ ನೆನಪಾಗುತ್ತದೆ. ಕಚೇರಿಯಲ್ಲಿ ಕೂತು ಊರು ಹುಟ್ಟಿಸುವವರ ಅಭ್ಯಾಸ ಖಂಡಾಂತರ ಆದರೂ ಒಂದೇ. ನೆಲೆ ಕಳೆದುಕೊಂಡ ಟಿಬೆಟ್ಟಿನವರಿಗೆ ನೆಲೆ ಕೊಟ್ಟದ್ದು ಈ ರಾಜ್ಯ ಹೆಮ್ಮೆಪಡುವ ಕೆಲಸ, ಅದರಲ್ಲಿ ಎರಡು ಮಾತಿಲ್ಲ. ಜೋಳ ಬೆಳೆದು, ಮಠ ಕಟ್ಟಿ ಅವರು ಬಾಳಿ ತೋರಿಸಿದ್ದಾರೆ. ಆದರೆ ಕಾಲದ ವ್ಯಂಗ್ಯ ನೋಡಿ. ಸರಿಸುಮಾರು ಅದೇ ಹೊತ್ತಿಗೆ, 1974ರಲ್ಲಿ, ಪಕ್ಕದ ಬಿಳಿಗಿರಿ ಕಾಡು ವನ್ಯಜೀವಿಧಾಮವಾಯಿತು. ಸೋಲಿಗರನ್ನು ಒಳಗಿನ ಪೋಡುಗಳಿಂದ ಎಬ್ಬಿಸಿ ರಸ್ತೆ ಬದಿಯ ಕಾಲೊನಿಗಳಿಗೆ ತಂದು ಕೂರಿಸಿದರು. ಪೋಡು ಬೇಸಾಯ ನಿಂತಿತು. ತರಗು ಬೆಂಕಿ ನಿಂತಿತು. ಬೇಸಗೆಯ ಮೊದಲಲ್ಲಿ ಒಣಗಿದ ಎಲೆಗೆ ಮೆಲ್ಲಗೆ ಹಚ್ಚುತ್ತಿದ್ದ ಆ ಸಣ್ಣ ಬೆಂಕಿ ನಿಂತ ಮೇಲೆಯೇ ಲಂಟಾನ ಕಾಡನ್ನೆಲ್ಲ ಮುಚ್ಚಿತು ಎಂದು ಸೋಲಿಗ ಹಿರಿಯರು ಹೇಳುತ್ತಾರೆ. ಈಗ ಸಂಶೋಧಕರೂ ಆ ಮಾತಿಗೆ ಕಿವಿಗೊಡುತ್ತಿದ್ದಾರೆ. ಕಾಫಿ ತೋಟಗಳು ಮಾತ್ರ ಇದ್ದಲ್ಲೇ ಇದ್ದವು. ಅವಕ್ಕೆ ಪತ್ರವಿತ್ತು.

ಕಾಡುಗಳ್ಳ ವೀರಪ್ಪನ್ ಕಾಲದ ವಿಷಯ ಕನ್ನಡಿಗರಿಗೆ ಹೊಸದಾಗಿ ಹೇಳಬೇಕಿಲ್ಲ. ತಾಳವಾಡಿ ಎಂಬ ಹೆಸರನ್ನು ನಾಡಿನ ಬಹುಪಾಲು ಜನ ಮೊದಲು ಕೇಳಿದ್ದೇ 2000ದ ಜುಲೈ 30ರ ರಾತ್ರಿ, ದೊಡ್ಡ ಗಾಜನೂರಿನ ಮನೆಯಿಂದ ಅವನು ನಟ ರಾಜ್‌ಕುಮಾರ್ ಅವರನ್ನು ಹೊತ್ತೊಯ್ದಾಗ. ಅವರು 108 ದಿನಗಳ ಮೇಲೆ ಬಂದರು. ಅದಕ್ಕೂ ಮೊದಲೇ, ವೀರಪ್ಪನ್ ಬೇಟೆಗಿಳಿದ ಎರಡೂ ರಾಜ್ಯಗಳ ಜಂಟಿ ಕಾರ್ಯಪಡೆ ಈ ಬೆಟ್ಟದ ಜನರನ್ನು, ಅದರಲ್ಲೂ ಸೋಲಿಗರನ್ನು, ಹಿಡಿದು ಹಿಂಸಿಸಿದ ದೂರುಗಳನ್ನು ರಾಷ್ಟ್ರೀಯ ಮಾನವ ಹಕ್ಕುಗಳ ಆಯೋಗ ಕೈಗೆತ್ತಿಕೊಂಡಿತ್ತು. ನ್ಯಾಯಮೂರ್ತಿ ಎ. ಜೆ. ಸದಾಶಿವ ಅವರ ಸಮಿತಿಯ ವರದಿಯ ಮೇಲೆ 2007ರಲ್ಲಿ 89 ಮಂದಿಗೆ 2.80 ಕೋಟಿ ರೂಪಾಯಿ ಪರಿಹಾರ ಕೊಡಬೇಕೆಂದು ಆಯೋಗ ಹೇಳಿತು. ಈ ಕಥೆಗೆ ಅದರ ಸಂಬಂಧ ಇಷ್ಟು: ಹೊಲ ಬಿಟ್ಟು ಓಡಿದವರ ಹೊಲ ಯಾರಿಗೂ ಕಾಯುತ್ತಾ ಕೂರುವುದಿಲ್ಲ.

2006ರಲ್ಲಿ ಸಂಸತ್ತು ಅರಣ್ಯ ಹಕ್ಕು ಕಾಯ್ದೆ ಮಾಡಿತು. ಕಾಡಿನವರಿಗೆ ಆದದ್ದು 'ಐತಿಹಾಸಿಕ ಅನ್ಯಾಯ' ಎಂದು ಆ ಕಾಯ್ದೆಯ ಪೀಠಿಕೆಯಲ್ಲೇ ಒಪ್ಪಿಕೊಂಡದ್ದು ದೊಡ್ಡ ಮಾತು. ಬಿಳಿಗಿರಿಯನ್ನು 2011ರ ಜನವರಿಯಲ್ಲಿ ಹುಲಿ ಸಂರಕ್ಷಿತ ಪ್ರದೇಶ ಎಂದು ಸಾರಿದಾಗ ಸೋಲಿಗರು ಸುಮ್ಮನಿರಲಿಲ್ಲ. ವೈದ್ಯ ಎಚ್. ಸುದರ್ಶನ್ ಕಟ್ಟಿದ ವಿವೇಕಾನಂದ ಗಿರಿಜನ ಕಲ್ಯಾಣ ಕೇಂದ್ರದ ಶಾಲೆಯಲ್ಲಿ ಓದಿದ ಒಂದು ಪೀಳಿಗೆ ಅಷ್ಟರಲ್ಲಿ ತಯಾರಾಗಿತ್ತು. ಹಿರಿಯರನ್ನು ಕರೆದುಕೊಂಡು ಕಾಡೆಲ್ಲ ತಿರುಗಿ, ಒಂದೊಂದು ದೇವರ ಕಲ್ಲನ್ನೂ ಮಾರಮ್ಮನ ಮರವನ್ನೂ ಜಿಪಿಎಸ್ ಹಿಡಿದು ಗುರುತಿಸಿ, ತಮ್ಮ ಎಲ್ಲೆಗಳ ನಕ್ಷೆ ಮಾಡಿದರು. 1799ರಿಂದ ಇವರ ಮೇಲೆ ಎಳೆದ ನಕ್ಷೆಗಳೆಷ್ಟೋ, ಇವರೇ ಬರೆದ ಮೊದಲ ನಕ್ಷೆ ಇದು. ಆ ವರ್ಷವೇ 25 ಗ್ರಾಮಸಭೆಗಳಿಗೆ ಸಮುದಾಯ ಅರಣ್ಯ ಹಕ್ಕುಪತ್ರ ಸಿಕ್ಕಿತು. ಹುಲಿ ಕಾಡಿನೊಳಗೆ ಇಂಥ ಹಕ್ಕು ಸಿಕ್ಕದ್ದು ದೇಶದಲ್ಲೇ ಮೊದಲು. ಜೇನು, ನೆಲ್ಲಿ, ಪಾಚಿ ಸಂಗ್ರಹಿಸುವ ಹಕ್ಕು ಕಾಗದದ ಮೇಲೆ ಮರಳಿತು. ಇಲಾಖೆಯ ಗೇಟಿನಲ್ಲಿ ಆ ಕಾಗದಕ್ಕೆ ಎಷ್ಟು ಬೆಲೆ ಎಂಬ ಜಗಳ ಮುಗಿದಿಲ್ಲ.

ಗೆರೆಯ ಈಚೆ, ತಾಳವಾಡಿಯಲ್ಲಿ? ತಮಿಳುನಾಡಿನಲ್ಲಿ ತನ್ನ ಅಪ್ಪಣೆಯಿಲ್ಲದೆ ಹಕ್ಕುಪತ್ರ ಕೊಡಕೂಡದೆಂದು ಮದ್ರಾಸ್ ಹೈಕೋರ್ಟು 2008ರಲ್ಲಿ ತಡೆದಿತ್ತು. ಆ ತಡೆ 2016ರಲ್ಲಿ ಸುಪ್ರೀಂ ಕೋರ್ಟಿನಲ್ಲಿ ತೆರವಾಗುವವರೆಗೆ ಇಡೀ ರಾಜ್ಯದಲ್ಲಿ ಕಾಯ್ದೆ ಮಲಗಿತ್ತು. ಈ ನಡುವೆ 2013ರಲ್ಲಿ ಸತ್ಯಮಂಗಲ ಕಾಡು ಹುಲಿ ಸಂರಕ್ಷಿತ ಪ್ರದೇಶವಾಯಿತು, 1,400 ಚದರ ಕಿಲೋಮೀಟರಿಗೂ ಹೆಚ್ಚು. ಹುಲಿಗೆ ಕಾಯಬೇಕಾಗಲಿಲ್ಲ. ಅಣ್ಣ ತಮ್ಮಂದಿರಲ್ಲಿ ಒಬ್ಬನ ಮನೆ ಗಡಿಯ ಆಚೆ, ಒಬ್ಬನದು ಈಚೆ. ಒಬ್ಬನಿಗೆ ಹಕ್ಕುಪತ್ರ, ಇನ್ನೊಬ್ಬನಿಗೆ ಅರ್ಜಿಯ ಸ್ವೀಕೃತಿ ಚೀಟಿ.

ಈಗ ಮುಚ್ಚಿದ ಕಾಡಿನ ಬಿಸಿ ಬಯಲಿನ ರೈತರಿಗೂ ತಟ್ಟಿದೆ. ಕೋರ್ಟಿನ ಆದೇಶದಂತೆ 2022ರ ಫೆಬ್ರವರಿಯಿಂದ ದಿಂಬಂ ಘಾಟಿನಲ್ಲಿ ರಾತ್ರಿ ಸಂಚಾರಕ್ಕೆ ಕಡಿವಾಣ ಬಿತ್ತು. ಕೋಸು, ಟೊಮೆಟೊ ಹೇರಿದ ಲಾರಿಗಳು ಬಣ್ಣಾರಿಯಲ್ಲೂ ಗಡಿಯಲ್ಲೂ ಬೆಳಗಾಗುವುದನ್ನು ಕಾದು ನಿಂತವು, ತಾಳವಾಡಿಯವರು ಅಂಗಡಿ ಮುಚ್ಚಿ ಬೀದಿಗಿಳಿದರು. ಚಾಮರಾಜನಗರದಿಂದ ಸತ್ಯಮಂಗಲಕ್ಕೆ ರೈಲು ಬೇಕೆಂಬ ಬೇಡಿಕೆಯೂ ಕಾಡಿನ ಕಾರಣಕ್ಕೆ ದಶಕಗಳಿಂದ ಕಡತದಲ್ಲೇ ಇದೆ. ಎನಿಡ್‌ನವರ ಹಾಗೆ ಹಳಿ ಕೀಳಲು ಇಲ್ಲಿ ಹಳಿಯೇ ಇಲ್ಲ. ಆನೆ ಬೆಳೆ ತಿಂದರೆ ಪರಿಹಾರಕ್ಕೆ ಅಲೆಯುವ ರೈತನ ಸಂಕಟ ಸುಳ್ಳಲ್ಲ. ತಲೆಮಾರುಗಳಿಂದ ಇಲ್ಲೇ ದುಡಿದು ಸತ್ತವರನ್ನು ಇಲ್ಲೇ ಹೂತ ಅವನನ್ನು ವಲಸೆಗಾರ ಎಂದು ಬೆರಳು ತೋರಿಸುವುದರಲ್ಲಿ ನನಗೆ ಆಸಕ್ತಿಯಿಲ್ಲ. ಆದರೆ 'ನಮ್ಮನ್ನು ಕೇಳದೆ ದಾರಿ ಮುಚ್ಚಿದರು' ಎಂದು ಅವನು ಇಂದು ಹೇಳುವ ಮಾತನ್ನೇ ಸೋಲಿಗ 1882ರಿಂದ ಹೇಳುತ್ತಿದ್ದಾನೆ. ಇಬ್ಬರೂ ಒಂದೇ ಅರ್ಜಿಗೆ ಸಹಿ ಹಾಕಿದ್ದನ್ನು ನಾನಂತೂ ಕಂಡಿಲ್ಲ.

ಅತ್ತ ಓಕ್ಲಹೋಮಾದಲ್ಲಿ 1907ರಲ್ಲಿ ರಾಜ್ಯ ರಚನೆಯಾದಾಗ ಚೆರೋಕಿಗಳ ಕಥೆ ಮುಗಿಯಿತೆಂದೇ ಎಲ್ಲರೂ ತಿಳಿದಿದ್ದರು. 2020ರ ಜುಲೈನಲ್ಲಿ ಅಮೆರಿಕದ ಸುಪ್ರೀಂ ಕೋರ್ಟು, ಅವರ ನೆರೆಯ ಕ್ರೀಕ್ ಜನರ ಮೊಕದ್ದಮೆಯಲ್ಲಿ, ಒಪ್ಪಂದದಿಂದ ಕೊಟ್ಟ ಮೀಸಲು ನೆಲವನ್ನು ಸಂಸತ್ತು ಸ್ಪಷ್ಟ ಮಾತಿನಲ್ಲಿ ರದ್ದು ಮಾಡಿಲ್ಲವಾದರೆ ಅದು ಇನ್ನೂ ಊರ್ಜಿತ ಎಂದಿತು. ಮರುವರ್ಷ ಓಕ್ಲಹೋಮಾದ ನ್ಯಾಯಾಲಯ ಅದನ್ನು ಚೆರೋಕಿಗಳ ಮೀಸಲು ನೆಲಕ್ಕೂ ಅನ್ವಯಿಸಿತು. 1893ರಲ್ಲಿ ಓಡಿ ಹಿಡಿದ ಆ ಪಟ್ಟಿ ಇದರಲ್ಲಿ ಸೇರಿಲ್ಲ. ಅದಕ್ಕೆ ಮಾರಾಟದ ಕಾಗದವಿದೆ. ಉಳಿದ ನೆಲದ ಮೇಲೆ ಅವರ ಅಧಿಕಾರ ಮರಳಿದ್ದು ಹಳೆಯ ಒಪ್ಪಂದದ ಬಲದಿಂದ.

ನಮ್ಮ ಸೋಲಿಗರ ಕೈಯಲ್ಲಿ ಅಂಥ ಒಪ್ಪಂದವಿಲ್ಲ. ಅದಕ್ಕೆ ಬದಲಾಗಿ ಸಂವಿಧಾನದ ಐದನೆಯ ಅನುಸೂಚಿ ಇದೆ: ಗಿರಿಜನರ ನೆಲ ಬೇರೆಯವರ ಪಾಲಾಗದಂತೆ ತಡೆಯುವ ಅಧಿಕಾರವನ್ನು ಅದು ರಾಜ್ಯಪಾಲರಿಗೆ ಕೊಡುತ್ತದೆ. ಆದರೆ ಅನುಸೂಚಿತ ಪ್ರದೇಶ ಎಂದು ಸಾರಿದ ಕಡೆ ಮಾತ್ರ ಅದು ನಡೆಯುತ್ತದೆ. ದೇಶದ 10 ರಾಜ್ಯಗಳಲ್ಲಿ ಅಂಥ ಪ್ರದೇಶಗಳಿವೆ. ಕರ್ನಾಟಕದಲ್ಲಿ ಒಂದೂ ಇಲ್ಲ, ತಮಿಳುನಾಡಿನಲ್ಲೂ ಒಂದೂ ಇಲ್ಲ.